ನಿಮಗಿದು ಗೊತ್ತೇ? ಗುಮಟೆಯಿಂದ ಸಾಲ್ಸಾವರೆಗೆ!

ಹ್ವಾಯ್, ಹೋಳಿ ಹುಣ್ಣಿಮೆ ಹೊತ್ತಿಗೆ ಮಂದಾರ್ತಿ ಸುತ್ತಮುತ್ತ ಮನೆಮನೆಗೆ ಬರುವ ಕುಡುಬಿಯರ ಕುಣಿತ ಕಂಡಿದ್ದೀರಲ್ಲ? ಮುಂಡಾಸಿನ ತುಂಬ ಅಬ್ಬಲಿಗೆ ಹೂವು, ಕೈಯಲ್ಲಿ ಗುಮಟೆ ಎಂಬ ಮಣ್ಣಿನ ಮಡಕೆ ವಾದ್ಯ. ಪೋರ್ಚುಗೀಸರ ಕಾಟ ತಾಳಲಾರದೆ ಗೋವಾ ಬಿಟ್ಟು ಬಂದವರ ಮಕ್ಕಳು ಮೊಮ್ಮಕ್ಕಳು ಇವರು. ಮನೆ, ಗದ್ದೆ ಎಲ್ಲ ಹೋಯಿತು. ಗುಮಟೆ ಮಾತ್ರ ಹೆಗಲು ಬಿಡಲಿಲ್ಲ!

ಅದೇ ಪೋರ್ಚುಗೀಸರು ಅದೇ ಗೋವಾಕ್ಕೆ ಆಫ್ರಿಕಾದ ಜನರನ್ನು ಹಡಗಿನಲ್ಲಿ ತುಂಬಿ ತಂದರು. ತಪ್ಪಿಸಿಕೊಂಡವರು ಘಟ್ಟದ ಕಾಡು ಸೇರಿದರು. ಯಲ್ಲಾಪುರ, ಹಳಿಯಾಳ, ಅಂಕೋಲಾದ ಸಿದ್ದಿಯರಲ್ಲಿ ಅವರ ರಕ್ತವಿದೆ. ಬೈಂದೂರಿನಲ್ಲಿ ಬಸ್ಸು ಹತ್ತಿ, ಭಟ್ಕಳ, ಹೊನ್ನಾವರ ದಾಟಿದರೆ ಅಂಕೋಲಾ. ಆಫ್ರಿಕಾ ಬೇರಿನ ಕುಣಿತ ಕಾಣಲು ವಿಮಾನವೇ ಬೇಡ!

ಸಿದ್ದಿಯರ ಡಮಾಮಿ ಅಂದರೆ ವಾದ್ಯವೋ, ಕುಣಿತವೋ? ಎರಡೂ! ಆಫ್ರಿಕಾದ ಬಂಟು ಭಾಷೆಗಳಲ್ಲೂ ಹಾಗೇ. ಅಲ್ಲಿ 'ನ್ಗೋಮ' ಅಂದರೆ ಡೋಲು, ಕುಣಿತವೂ ಅದೇ. ಗುಜರಾತಿನ ಸಿದ್ದಿಯರ ಬಾಯಲ್ಲಿ ಅದು 'ಗೋಮಾ' ಆಯಿತು. ಬ್ರೆಜಿಲ್‌ನ ಜೋಂಗೋ ಕುಣಿತದ ಡೋಲಿಗೆ 'ಅಂಗೋಮಾ' ಎನ್ನುತ್ತಾರೆ. ಮೂರು ಖಂಡ, ಒಂದೇ ಪದ!

ಹಿಂದೂ, ಮುಸ್ಲಿಂ, ಕ್ರೈಸ್ತ ಮೂರೂ ಧರ್ಮದವರು ಸಿದ್ದಿಯರಲ್ಲಿದ್ದಾರೆ. ಡಮಾಮಿ ಸದ್ದಾದರೆ ಯಾರು ಯಾರೆಂದು ಹೇಳಿ ಕಾಂಬ!

ಗುಜರಾತಿನ ಸಿದ್ದಿಯರ ಹತ್ತಿರ 'ಮಲುಂಗಾ' ಎಂಬ ಬಿಲ್ಲಿದೆ. ಒಂದೇ ತಂತಿ, ಬುಡಕ್ಕೆ ಸೋರೆ ಬುರುಡೆ. ಬಾಣ ಬಿಡಲಿಕ್ಕಲ್ಲ, ಬಾರಿಸಲಿಕ್ಕೆ! ಸಮುದ್ರದಾಚೆ ಬ್ರೆಜಿಲ್‌ನಲ್ಲಿ ಇದರ ತಮ್ಮನಂತಿರುವ ಬೆರಿಂಬಾವ್ ಇದೆ. ಅದರ ನಾದಕ್ಕೆ ಕಪೊಯೆರಾ ಆಡುತ್ತಾರೆ. ನೋಡಿದರೆ ಕುಣಿತ, ಒಳಗೆ ಒದೆತ! 1890ರ ದಂಡಸಂಹಿತೆಯಲ್ಲಿ ಬ್ರೆಜಿಲ್ ಸರ್ಕಾರ ಅದನ್ನು ಅಪರಾಧ ಎಂದಿತ್ತು. 2014ರಲ್ಲಿ ಅದೇ ಕಪೊಯೆರಾ ಯುನೆಸ್ಕೋ ಪಟ್ಟಿ ಸೇರಿತು. ಅಂದು ಜೈಲು, ಇಂದು ಸನ್ಮಾನ!

ಗಂಗೊಳ್ಳಿ ಬಂದರಿನಲ್ಲಿ ಖಾಲಿ ಪೆಟ್ಟಿಗೆ ಕಂಡರೆ ಕೈಯಿಂದ ಬಡಿಯಬೇಕು ಅನಿಸುತ್ತದಲ್ಲ? ಪೆರುವಿನಲ್ಲಿ ಗುಲಾಮರಾಗಿದ್ದ ಆಫ್ರಿಕನ್ನರು ಮಾಡಿದ್ದು ಅದನ್ನೇ. ಸಾಮಾನು ತುಂಬುವ ಮರದ ಪೆಟ್ಟಿಗೆಯ ಮೇಲೆ ಕೂತು ಬಾರಿಸಿದರು. ಅದೇ ಇಂದಿನ 'ಕಾಹೋನ್'. ಹೆಸರಿನ ಅರ್ಥವೂ ಬರೀ ಪೆಟ್ಟಿಗೆ!

ಹೆಸರೆಂದರೆ ನೆನಪಾಯಿತು, ಸಾಲ್ಸಾ ಕುಣಿತದ ಹೆಸರಿನ ಅರ್ಥ ಏನು ಗೊತ್ತೇ? ಸ್ಪ್ಯಾನಿಷ್‌ನಲ್ಲಿ ಸಾಸ್! ನಂಚಿಕೊಳ್ಳುವ ಪದಾರ್ಥದ ಹೆಸರಲ್ಲಿ ಜಗತ್ತೇ ಕುಣಿಯುತ್ತಿದೆ ಮಾರಾಯ್ರೆ!

ಆ ಸಾಲ್ಸಾ ಮತ್ತು ಆಫ್ರೋ-ಲ್ಯಾಟಿನ್ ಕುಣಿತಗಳನ್ನೇ ತಳಹದಿ ಮಾಡಿಕೊಂಡು 2005ರಲ್ಲಿ ಆನಾ ಮರಿಯಾ ಅಲ್ವಾರೆಜ್ ಲಾಸ್ ಏಂಜಲೀಸ್‌ನಲ್ಲಿ ಒಂದು ಸಮಕಾಲೀನ ನೃತ್ಯ ತಂಡ ಕಟ್ಟಿದರು. ಹೆಸರು 'ಕೊಂತ್ರಾ-ತ್ಯೆಂಪೊ'. ಅರ್ಥ, ತಾಳಕ್ಕೆ ಎದುರು! ನಮ್ಮ ಯಕ್ಷಗಾನದ ಭಾಗವತರ ಎದುರು ಹೀಗೆ ಹೇಳಿದರೆ ಏನೆನ್ನುತ್ತಿದ್ದರೋ!

ಜಿಮ್ಮಿನಲ್ಲಿ ಕುಣಿಸುವ ಜುಂಬಾ ಹುಟ್ಟಿದ್ದು ಮರೆವಿನಿಂದ! ಕೊಲಂಬಿಯಾದ ಬೆಟೊ ಪೆರೆಜ್ ಒಂದು ದಿನ ವ್ಯಾಯಾಮದ ಕ್ಯಾಸೆಟ್ ತರಲು ಮರೆತರಂತೆ. ಜೊತೆಗಿದ್ದ ಸಾಲ್ಸಾ, ಮೆರೆಂಗೆ ಹಾಡುಗಳನ್ನೇ ಹಾಕಿದರು. ಮುಂದಿನದು ನಿಮಗೆ ಗೊತ್ತೇ ಇದೆ.

ಇನ್ನೊಂದು ಕೇಳಿ. ನೈಜೀರಿಯಾದ ಚಿನುವಾ ಅಚಿಬೆಯ 'ಥಿಂಗ್ಸ್ ಫಾಲ್ ಅಪಾರ್ಟ್' ಕಾದಂಬರಿಯನ್ನು 1980ರ ದಶಕದಲ್ಲಿ ಕನ್ನಡದ ರಂಗಕ್ಕೆ ತಂದವರು ಚಿದಂಬರರಾವ್ ಜಂಬೆ. ಆಡಿದವರು ಮಂಚಿಕೇರಿ ಕಡೆಯ ಸಿದ್ದಿಯರು! ಆಫ್ರಿಕಾದ ಕಥೆ, ಆಫ್ರಿಕಾ ಮೂಲದ ನಟರು, ಮಾತು ಮಾತ್ರ ಅಚ್ಚ ಕನ್ನಡ.

ಅಚಿಬೆಯದು ಇಗ್ಬೋ ಜನಾಂಗ. ಅವರಲ್ಲೂ ಒಂದು ಮಣ್ಣಿನ ಮಡಕೆ ವಾದ್ಯವಿದೆ. ನಮ್ಮ ಗುಮಟೆಯ ಹಾಗೇ ಅದರ ತೂತಿಗೂ ಅಂಗೈ ಹಿಡಿದು, ಬಿಟ್ಟು ನಾದ ತಿರುಗಿಸುತ್ತಾರೆ. ಹೆಸರೇನು ಗೊತ್ತೇ? 'ಉಡು'! ಇನ್ನು ನಮ್ಮ ಗುಮಟೆಗೆ ಹಿಂದೆಲ್ಲ ಬಿಗಿಯುತ್ತಿದ್ದದ್ದು ಯಾವ ಪ್ರಾಣಿಯ ಚರ್ಮ? ಉಡದ್ದೇ! ಈಗ ಕಾನೂನು ಬಿಡುವುದಿಲ್ಲ, ಆಡಿನ ಚರ್ಮ ಬಂದಿದೆ. ಆ ಉಡುವಿಗೂ ಈ ಉಡಕ್ಕೂ ಸಂಬಂಧವೇನೂ ಇಲ್ಲ, ಬರೀ ಕಾಕತಾಳೀಯ!