ಅಭಿಮಾನ, ಹೊಡೆದಾಟ, ನೂಕುನುಗ್ಗಲು

ಅಭಿಮಾನಿಗಳ ಗುಂಪು ಸೇರಿದಲ್ಲಿ ಆಗುವ ಅನಾಹುತದಲ್ಲಿ ಎರಡು ಬಗೆ. ಒಂದು ಗುಂಪು ಇನ್ನೊಂದು ಗುಂಪಿನ ಮೇಲೆ ಬೇಕೆಂದೇ ಕೈಮಾಡುವುದು ಮೊದಲನೆಯದು. ಯಾರೂ ಯಾರನ್ನೂ ಹೊಡೆಯದೆ, ಇಕ್ಕಟ್ಟಿನಲ್ಲಿ ಸಿಕ್ಕಿ ಉಸಿರುಗಟ್ಟಿ ಜನ ಸಾಯುವುದು ಎರಡನೆಯದು. ಸುದ್ದಿಯಲ್ಲಿ ಎರಡಕ್ಕೂ ‘ಅಭಿಮಾನಿಗಳ ಹುಚ್ಚಾಟ’ ಎಂಬ ಒಂದೇ ತಲೆಬರಹ ಬೀಳುತ್ತದೆ. ಆದರೆ ಮೊದಲನೆಯದಕ್ಕೆ ಉತ್ತರ ಕೊಡಬೇಕಾದವರು ಬೇರೆ, ಎರಡನೆಯದಕ್ಕೆ ಬೇರೆ. ಇವೆರಡನ್ನೂ ಒಂದೇ ಗಂಟಿಗೆ ಕಟ್ಟಿದ ಕಡೆ ತಪ್ಪಿತಸ್ಥರು ತಪ್ಪಿಸಿಕೊಂಡಿದ್ದಾರೆ, ಸತ್ತವರ ಮೇಲೆ ದೂರು ಬಿದ್ದಿದೆ.

ಗುಂಪು ಕಟ್ಟಿ ಹೊಡೆದಾಡುವುದು ಹಳೆಯ ರೋಗ. ಕ್ರಿ.ಶ. 532ರಲ್ಲಿ ಕಾನ್‌ಸ್ಟಾಂಟಿನೋಪಲ್ ನಗರದಲ್ಲಿ ರಥದ ಓಟದ ಅಭಿಮಾನಿಗಳು ‘ನೀಲಿ’ ಮತ್ತು ‘ಹಸಿರು’ ಎಂಬ ಎರಡು ಪಕ್ಷಗಳಾಗಿದ್ದರು. ಸದಾ ಕಚ್ಚಾಡುತ್ತಿದ್ದ ಇವರು ಕೊನೆಗೆ ಒಂದಾಗಿ ಚಕ್ರವರ್ತಿ ಜಸ್ಟಿನಿಯನ್ ವಿರುದ್ಧವೇ ತಿರುಗಿಬಿದ್ದು ಊರಿಗೆ ಬೆಂಕಿಯಿಟ್ಟರು. ಸೈನ್ಯ ಕ್ರೀಡಾಂಗಣಕ್ಕೆ ನುಗ್ಗಿ ಸುಮಾರು 30 ಸಾವಿರ ಜನರನ್ನು ಕೊಂದಿತೆಂದು ಅಂದಿನ ಇತಿಹಾಸಕಾರ ಪ್ರೊಕೋಪಿಯಸ್ ಬರೆದಿದ್ದಾನೆ. ಈಗ ‘ಹೂಲಿಗನಿಸಂ’ ಎಂದು ಕರೆಯುವ ಫುಟ್‌ಬಾಲ್ ಪುಂಡಾಟಿಕೆ ಬಲಿತದ್ದು 1960ರ ದಶಕದಿಂದ ಈಚೆಗೆ, ಇಂಗ್ಲೆಂಡಿನಲ್ಲಿ. ವೆಸ್ಟ್ ಹ್ಯಾಮ್, ಚೆಲ್ಸಿ, ಮಿಲ್ವಾಲ್ ಮುಂತಾದ ಕ್ಲಬ್ಬುಗಳ ಸುತ್ತ ಹೊಡೆದಾಟವನ್ನೇ ಕಸುಬಾಗಿ ಮಾಡಿಕೊಂಡ ತಂಡಗಳು ಹುಟ್ಟಿದವು. ಅವುಗಳಿಗೆ ಹೆಸರಿತ್ತು, ನಾಯಕರಿದ್ದರು, ಎದುರಾಳಿಯನ್ನು ಯಾವ ರೈಲು ನಿಲ್ದಾಣದಲ್ಲಿ ಎದುರುಗೊಳ್ಳಬೇಕೆಂಬ ಲೆಕ್ಕಾಚಾರವೂ ಇತ್ತು. ಪಂದ್ಯದಲ್ಲಿ ಯಾರು ಗೆದ್ದರೆಂಬುದು ಇವರಿಗೆ ಅಷ್ಟು ಮುಖ್ಯವಾಗಿರಲಿಲ್ಲ.

1985ರ ಮೇ 29ರಂದು ಬ್ರಸೆಲ್ಸ್‌ನ ಹೇಸೆಲ್ ಕ್ರೀಡಾಂಗಣದಲ್ಲಿ ಯುರೋಪಿಯನ್ ಕಪ್ ಫೈನಲ್‌ಗೆ ಮುನ್ನ ಲಿವರ್‌ಪೂಲ್ ಅಭಿಮಾನಿಗಳ ಒಂದು ಗುಂಪು ಯುವೆಂಟಸ್ ಬೆಂಬಲಿಗರ ಮೇಲೆ ಏರಿಹೋಯಿತು. ಹಿಂದೆ ಸರಿದವರ ಭಾರಕ್ಕೆ ಶಿಥಿಲ ಗೋಡೆ ಕುಸಿದು 39 ಜನ ಸತ್ತರು, ಬಹುಪಾಲು ಇಟಲಿಯವರು. ಇಂಗ್ಲಿಷ್ ಕ್ಲಬ್ಬುಗಳನ್ನು ಐದು ವರ್ಷ ಯುರೋಪಿನ ಸ್ಪರ್ಧೆಗಳಿಂದ ಹೊರಗಿಡಲಾಯಿತು, ಲಿವರ್‌ಪೂಲನ್ನು ಆರು ವರ್ಷ. ಇದು ಮೊದಲ ಬಗೆಯ ಅನಾಹುತ. ಕೈಮಾಡಿದವರ ತಪ್ಪು ಸ್ಪಷ್ಟವಾಗಿತ್ತು.

ನಾಲ್ಕು ವರ್ಷಗಳ ನಂತರ, 1989ರ ಏಪ್ರಿಲ್ 15ರಂದು, ಶೆಫೀಲ್ಡ್‌ನ ಹಿಲ್ಸ್‌ಬರೋದಲ್ಲಿ ನಡೆದದ್ದು ಬೇರೆಯೇ. ಗೇಟಿನ ಹೊರಗೆ ಜನ ಒತ್ತರಿಸಿದಾಗ ಪೊಲೀಸರು ಇನ್ನೊಂದು ಗೇಟು ತೆಗೆಸಿದರು. ಒಳಬಂದವರನ್ನು ಪಕ್ಕದ ಖಾಲಿ ಜಾಗಕ್ಕೆ ತಿರುಗಿಸಲು ಅಲ್ಲಿ ಯಾರೂ ಇರಲಿಲ್ಲ. ಎಲ್ಲರೂ ಆಗಲೇ ತುಂಬಿಹೋಗಿದ್ದ ಕಟಕಟೆಗಳಿಗೆ ಇಳಿದರು. ಮುಂದೆ ಕಬ್ಬಿಣದ ಬೇಲಿ, ಹಿಂದೆ ಬರುತ್ತಲೇ ಇದ್ದ ಜನ. ಒಟ್ಟು 97 ಜೀವ ಹೋಯಿತು. ಆ ಬೇಲಿ ಅಲ್ಲಿ ನಿಂತದ್ದೇ ಪುಂಡರ ಭಯದಿಂದ. ಹೇಸೆಲ್‌ನ ನೆನಪು ಹಸಿಯಾಗಿದ್ದರಿಂದ ಇದನ್ನೂ ಕುಡುಕ ಪುಂಡರ ಕೆಲಸವೆಂದು ಪೊಲೀಸರು ಹೇಳಿದರು, ‘ದಿ ಸನ್’ ಪತ್ರಿಕೆ ಅದನ್ನೇ ಮುಖಪುಟದಲ್ಲಿ ಹಾಕಿತು. ಮಕ್ಕಳನ್ನು ಕಳೆದುಕೊಂಡ ಮನೆಯವರು 27 ವರ್ಷ ಹೋರಾಡಬೇಕಾಯಿತು. 2016ರಲ್ಲಿ ವಿಚಾರಣಾ ಮಂಡಳಿ ಇದು ಕಾನೂನುಬಾಹಿರ ಹತ್ಯೆ, ಅಭಿಮಾನಿಗಳ ತಪ್ಪೇನೂ ಇಲ್ಲ ಎಂದು ತೀರ್ಪು ಕೊಟ್ಟಿತು.

ಭಾರತದಲ್ಲಿ ಇವೆರಡಕ್ಕೂ ಹತ್ತಿರದ ನೆನಪು ಕೋಲ್ಕತ್ತದ್ದು. 1980ರ ಆಗಸ್ಟ್ 16ರಂದು ಈಡನ್ ಗಾರ್ಡನ್ಸ್‌ನಲ್ಲಿ ಮೋಹನ್ ಬಾಗಾನ್ ಮತ್ತು ಈಸ್ಟ್ ಬೆಂಗಾಲ್ ನಡುವಿನ ಪಂದ್ಯದ ವೇಳೆ ಗಲಾಟೆ ಎದ್ದು 16 ಜನ ಸತ್ತರು. ಆ ಊರಿನ ಮೂಲದವರು ಒಂದು ತಂಡಕ್ಕೆ, ಪೂರ್ವ ಬಂಗಾಳದಿಂದ ವಲಸೆ ಬಂದವರು ಇನ್ನೊಂದಕ್ಕೆ ನಿಂತ ಕಾರಣ ಅಲ್ಲಿ ಆಟದ ಜಗಳದೊಳಗೆ ನೆಲೆಯ ಜಗಳವೂ ಸೇರಿಕೊಂಡಿತ್ತು.

ಕರ್ನಾಟಕದಲ್ಲಿ ಫುಟ್‌ಬಾಲ್ ಅಷ್ಟು ದೂರ ಹೋಗಿಲ್ಲ. 2013ರಲ್ಲಿ ಹುಟ್ಟಿದ ಬೆಂಗಳೂರು ಎಫ್‌ಸಿ ತಂಡದ ‘ವೆಸ್ಟ್ ಬ್ಲಾಕ್ ಬ್ಲೂಸ್’ ಅಭಿಮಾನಿಗಳು ಕಂಠೀರವ ಕ್ರೀಡಾಂಗಣದ ಪಶ್ಚಿಮ ಭಾಗದಲ್ಲಿ ನಿಂತು ಪಂದ್ಯವಿಡೀ ಹಾಡುತ್ತಾರೆ, ಡೋಲು ಬಡಿಯುತ್ತಾರೆ. ಕೇರಳ ಬ್ಲಾಸ್ಟರ್ಸ್ ಬಂದ ದಿನ ಕಾವು ಏರುತ್ತದೆ. 2023ರ ಮಾರ್ಚ್ 3ರಂದು ಸುನಿಲ್ ಛೆಟ್ರಿಯ ಫ್ರೀ ಕಿಕ್ ಗೋಲನ್ನು ಒಪ್ಪದೆ ಕೇರಳ ತಂಡ ಮೈದಾನವನ್ನೇ ಬಿಟ್ಟುಹೋಯಿತು. ವಿವಾದ ಇತ್ಯರ್ಥವಾದದ್ದು ಫುಟ್‌ಬಾಲ್ ಒಕ್ಕೂಟದ ಶಿಸ್ತು ಸಮಿತಿಯಲ್ಲಿ, ನಾಲ್ಕು ಕೋಟಿ ರೂಪಾಯಿ ದಂಡದೊಂದಿಗೆ. ಇಂಗ್ಲೆಂಡಿನಲ್ಲಿ ಫುಟ್‌ಬಾಲ್ ಇರುವ ಜಾಗದಲ್ಲಿ ಕನ್ನಡ ನಾಡಿನಲ್ಲಿ ಸಿನಿಮಾ ಮತ್ತು ಕ್ರಿಕೆಟ್ ಇವೆ.

ಇದನ್ನು ನೋಡಲು ಚಿಕ್ಕಬಳ್ಳಾಪುರ ಸೀಮೆಗಿಂತ ಒಳ್ಳೆಯ ಜಾಗವಿಲ್ಲ. 2007ರಲ್ಲಿ ಕೋಲಾರದಿಂದ ಬೇರೆಯಾದ ಈ ಜಿಲ್ಲೆ ಎರಡು ಭಾಷೆಗಳ ನೆಲ. ಶಿಡ್ಲಘಟ್ಟದ ರೇಷ್ಮೆಗೂಡಿನ ಮಾರುಕಟ್ಟೆಯಲ್ಲಾಗಲಿ ಚಿಂತಾಮಣಿಯ ಅಂಗಡಿಬೀದಿಯಲ್ಲಾಗಲಿ ಕನ್ನಡ, ತೆಲುಗು ಎರಡೂ ಒಂದೇ ಮಾತಿನಲ್ಲಿ ಬರುತ್ತವೆ. ಗೌರಿಬಿದನೂರು ದಾಟಿದರೆ ಸಿಗುವುದು ಆಂಧ್ರದ ಹಿಂದೂಪುರ. ಅಲ್ಲಿಂದ ತೆಲುಗು ನಟ ಎನ್.ಟಿ. ರಾಮರಾವ್ ಗೆದ್ದಿದ್ದರು, 2014ರಿಂದ ಅವರ ಮಗ, ನಟ ಬಾಲಕೃಷ್ಣ ಶಾಸಕರು. ಅಭಿಮಾನಿ ಸಂಘ ಎಲ್ಲಿ ಮುಗಿಯುತ್ತದೆ, ಪಕ್ಷ ಎಲ್ಲಿ ಶುರುವಾಗುತ್ತದೆ ಎಂದು ಹೇಳುವುದು ಆ ಊರಿನಲ್ಲಿ ಕಷ್ಟ. ಈಚೆ ಬದಿಯಲ್ಲಿ ಒಂದೇ ಮನೆಯಲ್ಲಿ ಅಣ್ಣ ಪುನೀತ್ ಅಭಿಮಾನಿ, ತಮ್ಮ ಅಲ್ಲು ಅರ್ಜುನ್ ಅಭಿಮಾನಿ ಆಗಿರುವುದು ವಿಶೇಷವಲ್ಲ. ತೆಲುಗು ಚಿತ್ರರಂಗಕ್ಕೂ ಇದು ಗೊತ್ತು. ‘ಆರ್‌ಆರ್‌ಆರ್’ ಚಿತ್ರದ ಬಿಡುಗಡೆಪೂರ್ವ ಸಮಾರಂಭ ನಡೆದದ್ದು 2022ರ ಮಾರ್ಚ್ 19ರಂದು, ಚಿಕ್ಕಬಳ್ಳಾಪುರದಲ್ಲಿ. ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿ ಬಂದಿದ್ದರು, ಶಿವರಾಜ್‌ಕುಮಾರ್ ಇದ್ದರು. ರಾಮ್ ಚರಣ್ ಮತ್ತು ಜೂನಿಯರ್ ಎನ್‌ಟಿಆರ್ ಎಂಬ ಇಬ್ಬರು ನಟರ ಅಭಿಮಾನಿಗಳು ಒಂದೇ ಬಯಲಿನಲ್ಲಿ ನೆರೆದರು.

ಅಭಿಮಾನಿ ಸಂಘ ಮೂಲತಃ ಕೆಟ್ಟದ್ದಲ್ಲ. ರಕ್ತದಾನ, ಅನ್ನದಾನ, ಶಾಲಾಮಕ್ಕಳಿಗೆ ಪುಸ್ತಕ ಹಂಚುವುದು ಅವುಗಳ ನಿಜವಾದ ಕೆಲಸಗಳೇ. ಕೆಲಸವಿಲ್ಲದ ಅಥವಾ ಸಣ್ಣ ಸಂಬಳದ ಹುಡುಗನಿಗೆ ಸಂಘದಲ್ಲಿ ಒಂದು ಸ್ಥಾನ ಸಿಗುತ್ತದೆ, ಫ್ಲೆಕ್ಸ್‌ನಲ್ಲಿ ಅವನ ಮುಖ ಬರುತ್ತದೆ. ತೊಂದರೆ ಹುಟ್ಟುವುದು ಆ ಸ್ಥಾನವನ್ನು ಇನ್ನೊಂದು ಗುಂಪಿನ ಎದುರು ತೋರಿಸಬೇಕಾದಾಗ. ಯಾರ ಕಟೌಟ್ ಎತ್ತರ, ಯಾರ ಚಿತ್ರದ ಮೊದಲ ದಿನದ ಗಳಿಕೆ ಹೆಚ್ಚು ಎಂಬ ಮಾತು ಬೈಗುಳಕ್ಕೆ, ಬೈಗುಳ ಕೈಗೆ ತಿರುಗುತ್ತದೆ.

2016ರ ಆಗಸ್ಟ್‌ನಲ್ಲಿ ಕೋಲಾರದಲ್ಲಿ ಅದು ಕೊಲೆಗೆ ತಿರುಗಿತು. ಅಂಗಾಂಗ ದಾನದ ಕಾರ್ಯಕ್ರಮಕ್ಕೆಂದು ತಿರುಪತಿಯಿಂದ ಬಂದಿದ್ದ ಪವನ್ ಕಲ್ಯಾಣ್ ಅಭಿಮಾನಿಯೊಬ್ಬ ಜೂನಿಯರ್ ಎನ್‌ಟಿಆರ್ ಅಭಿಮಾನಿಗಳೊಂದಿಗೆ ನಡೆದ ಮಾತಿನ ಜಗಳದಲ್ಲಿ ಇರಿತಕ್ಕೊಳಗಾಗಿ ಸತ್ತ. ಇಬ್ಬರು ನಟರಿಗೂ ಆ ಜಗಳಕ್ಕೂ ಸಂಬಂಧವಿರಲಿಲ್ಲ. ಪವನ್ ಕಲ್ಯಾಣ್ ತಿರುಪತಿಗೆ ಹೋಗಿ ಸತ್ತವನ ತಾಯಿಯನ್ನು ಕಂಡರು. ಸತ್ತ ಮೇಲೂ ಇನ್ನೊಬ್ಬರಿಗೆ ಜೀವ ಕೊಡಬೇಕೆಂಬ ಕಾರ್ಯಕ್ರಮಕ್ಕೆ ಬಂದವನ ಜೀವ ನಟರ ಹೆಸರಿನ ಜಗಳಕ್ಕೆ ಹೋಯಿತು. ಇಷ್ಟು ಅರ್ಥಹೀನ ಸಾವು ಇನ್ನೊಂದಿರಲಾರದು.

ಕನ್ನಡದ ನಟರ ಅಭಿಮಾನಿಗಳ ನಡುವಿನ ‘ಫ್ಯಾನ್ಸ್ ವಾರ್’ ಕೂಡ ತೆರೆಯ ಮೇಲಿನ ಪೈಪೋಟಿಯಾಗಿ ಉಳಿದಿಲ್ಲ. 2022ರ ಡಿಸೆಂಬರ್ 18ರಂದು ಹೊಸಪೇಟೆಯ ವೇದಿಕೆಯಲ್ಲಿ ನಟ ದರ್ಶನ್ ಮೇಲೆ ಚಪ್ಪಲಿ ಬಿತ್ತು. ಎದುರಾಳಿ ಗುಂಪಿನ ಯಾರೇ ಮಾಡಿರಲಿ, ಅದನ್ನು ಶಿವರಾಜ್‌ಕುಮಾರ್ ಮೊದಲಾದ ಕಲಾವಿದರು ಖಂಡಿಸಿದರು. 2025ರ ಜುಲೈನಲ್ಲಿ ನಟಿ ರಮ್ಯಾ ನಟರೊಬ್ಬರ ಅಭಿಮಾನಿಗಳಿಂದ ತಮಗೆ ಬಂದ ಅಶ್ಲೀಲ ಸಂದೇಶಗಳ ಬಗ್ಗೆ ಬೆಂಗಳೂರು ಪೊಲೀಸರಿಗೆ ದೂರು ಕೊಟ್ಟರು, ಬಂಧನಗಳೂ ಆದವು. ಮುಖ ಕಾಣದ ಮೊಬೈಲಿನಲ್ಲಿ ಹೆಣ್ಣುಮಕ್ಕಳನ್ನು ಹೆದರಿಸುವುದು ಕಲ್ಲು ತೂರುವುದಕ್ಕಿಂತ ಕಡಿಮೆ ಹಿಂಸೆಯಲ್ಲ.

ಇದಿಷ್ಟೂ ಮೊದಲ ಬಗೆ. ಆದರೆ ಅಭಿಮಾನದ ಹೆಸರಿನಲ್ಲಿ ಸತ್ತವರಲ್ಲಿ ಹೆಚ್ಚಿನವರು ಯಾರೊಡನೆಯೂ ಜಗಳವಾಡಿದವರಲ್ಲ. ಆಂಧ್ರದ ಕುಪ್ಪಂ ಬಳಿಯ ಶಾಂತಿಪುರದಲ್ಲಿ 2020ರ ಸೆಪ್ಟೆಂಬರ್‌ನಲ್ಲಿ ಪವನ್ ಕಲ್ಯಾಣ್ ಹುಟ್ಟುಹಬ್ಬಕ್ಕೆ ಬ್ಯಾನರ್ ಕಟ್ಟುತ್ತಿದ್ದ ಮೂವರು ವಿದ್ಯುತ್ ತಗುಲಿ ಸತ್ತರು. ಗದಗ ಜಿಲ್ಲೆಯ ಸೂರಣಗಿಯಲ್ಲಿ 2024ರ ಜನವರಿಯಲ್ಲಿ ಯಶ್ ಹುಟ್ಟುಹಬ್ಬದ ಕಟೌಟ್ ನಿಲ್ಲಿಸುವಾಗ ಮತ್ತೆ ಮೂವರು. ಅದೇ ವರ್ಷ ಡಿಸೆಂಬರ್ 4ರ ರಾತ್ರಿ ಹೈದರಾಬಾದಿನ ಸಂಧ್ಯಾ ಚಿತ್ರಮಂದಿರದಲ್ಲಿ ‘ಪುಷ್ಪ 2’ ಚಿತ್ರದ ಪ್ರೀಮಿಯರ್‌ಗೆ ನಟ ಅಲ್ಲು ಅರ್ಜುನ್ ಬಂದಾಗ ನೂಕುನುಗ್ಗಲಿನಲ್ಲಿ ತಾಯಿಯೊಬ್ಬರು ತೀರಿಕೊಂಡರು, ಅವರ ಮಗ ತೀವ್ರವಾಗಿ ಗಾಯಗೊಂಡ. ಮರುದಿನ ಬೆಳಿಗ್ಗೆ, ಗೌರಿಬಿದನೂರಿಗೆ ಹೋಗುವ ರೈಲುಮಾರ್ಗದಲ್ಲೇ ಇರುವ ದೊಡ್ಡಬಳ್ಳಾಪುರದ ಬಾಶೆಟ್ಟಿಹಳ್ಳಿಯಲ್ಲಿ, ಅದೇ ಚಿತ್ರ ನೋಡಲು ಹಳಿ ದಾಟುತ್ತಿದ್ದ 19 ವರ್ಷದ ಯುವಕ ರೈಲಿಗೆ ಸಿಕ್ಕಿ ಸತ್ತ.

ಗುಂಪಿನ ನಡವಳಿಕೆಗೆ ವ್ಯವಸ್ಥೆಯೇ ಎಷ್ಟು ಕಾರಣವೆಂಬುದನ್ನು ಬೆಂಗಳೂರಿನ ಎರಡು ಸಾವುಗಳು ತೋರಿಸುತ್ತವೆ. 2006ರ ಏಪ್ರಿಲ್ 12ರಂದು ಡಾ. ರಾಜ್‌ಕುಮಾರ್ ತೀರಿಕೊಂಡಾಗ ಅಂತಿಮ ದರ್ಶನ ಎಲ್ಲಿ, ಯಾವಾಗ ಎಂಬ ಮಾಹಿತಿಯೇ ಜನರಿಗೆ ಸರಿಯಾಗಿ ಸಿಗಲಿಲ್ಲ. ಬಸ್ಸುಗಳು ಸುಟ್ಟವು, ಲಾಠಿ, ಅಶ್ರುವಾಯು, ಗೋಲಿಬಾರ್ ಎಲ್ಲ ಆದವು. ಒಬ್ಬ ಪೊಲೀಸ್ ಸಿಬ್ಬಂದಿ ಸೇರಿ ಹಲವರು ಸತ್ತರು. 2021ರ ಅಕ್ಟೋಬರ್ 29ರಂದು ಅವರ ಮಗ ಪುನೀತ್ ತೀರಿಕೊಂಡಾಗ ಸರ್ಕಾರ ಕೂಡಲೇ ಕಂಠೀರವ ಕ್ರೀಡಾಂಗಣದಲ್ಲಿ ದರ್ಶನಕ್ಕೆ ಸಾಲುಗಳನ್ನು ಮಾಡಿತು, ನಗರದಲ್ಲಿ ಮದ್ಯ ಮಾರಾಟ ನಿಲ್ಲಿಸಿತು, ದರ್ಶನದ ಸಮಯ ವಿಸ್ತರಿಸಿತು, 31ರ ಮುಂಜಾನೆಯೇ ಅಂತ್ಯಕ್ರಿಯೆ ಮುಗಿಸಿತು. ಲಕ್ಷಾಂತರ ಜನ ಅಳುತ್ತಾ ಬಂದು ನೋಡಿ ಹೋದರು. ಊರು ಅದೇ, ಕುಟುಂಬ ಅದೇ, ದುಃಖ ಕಡಿಮೆಯೇನೂ ಆಗಿರಲಿಲ್ಲ. ಬದಲಾಗಿದ್ದು ಏರ್ಪಾಡು.

ಆ ಪಾಠ ನಾಲ್ಕೇ ವರ್ಷದಲ್ಲಿ ಮರೆತುಹೋಯಿತು. 2025ರ ಜೂನ್ 3ರ ರಾತ್ರಿ ಆರ್‌ಸಿಬಿ ಮೊದಲ ಬಾರಿಗೆ ಐಪಿಎಲ್ ಗೆದ್ದಿತು. ಮರುದಿನವೇ ಸಂಭ್ರಮಾಚರಣೆ ಎಂದು ಸಾಮಾಜಿಕ ಜಾಲತಾಣದಲ್ಲಿ ಕರೆ ಹೋಯಿತು. ಸುಮಾರು 35 ಸಾವಿರ ಜನ ಹಿಡಿಸುವ ಚಿನ್ನಸ್ವಾಮಿ ಕ್ರೀಡಾಂಗಣದ ಸುತ್ತ ಲಕ್ಷಗಟ್ಟಲೆ ಜನ ಸೇರಿದರು. ಒಳಗೆ ಹೋಗಲು ಪಾಸ್ ಬೇಕೋ ಬೇಡವೋ ಎಂಬುದೇ ಹಲವರಿಗೆ ತಿಳಿದಿರಲಿಲ್ಲ. ಗೇಟುಗಳ ಬಳಿ 11 ಜನ ಸತ್ತರು, 50ಕ್ಕೂ ಹೆಚ್ಚು ಮಂದಿ ಗಾಯಗೊಂಡರು. ಸತ್ತವರಲ್ಲಿ ಚಿಂತಾಮಣಿ ತಾಲೂಕಿನವರಿದ್ದರು, ಕೋಲಾರದವರಿದ್ದರು, ಶಾಲೆಗೆ ಹೋಗುವ ಮಗುವೂ ಇತ್ತು. ಓದಿಸಿ ಬೆಂಗಳೂರಿಗೆ ಕಳಿಸಿದ ಮಕ್ಕಳ ಹೆಣ ಮರುದಿನ ಹಳ್ಳಿಗೆ ಬಂತು.

ಇಂಥ ಕಡೆ ಏನಾಗುತ್ತದೆಂಬುದು ತಜ್ಞರಿಗೆ ಚೆನ್ನಾಗಿ ಗೊತ್ತಿರುವ ಸಂಗತಿ. ಒಂದು ಚದರ ಮೀಟರಿನಲ್ಲಿ ಐದಾರು ಜನ ಮೀರಿದರೆ ಯಾರಿಗೂ ತಮ್ಮ ಕಾಲಿನ ಮೇಲೆ ಹಿಡಿತವಿರುವುದಿಲ್ಲ. ಗುಂಪು ನೀರಿನಂತೆ ಅಲೆಯಲೆಯಾಗಿ ಸರಿಯುತ್ತದೆ. ಎದೆ ಹಿಗ್ಗಲು ಜಾಗವಿಲ್ಲದೆ ನಿಂತಲ್ಲೇ ಉಸಿರು ಕಟ್ಟುತ್ತದೆ. ಹಿಂದಿನವರಿಗೆ ಮುಂದೇನಾಗುತ್ತಿದೆ ಎಂದು ಕಾಣುವುದೂ ಇಲ್ಲ, ಕೇಳುವುದೂ ಇಲ್ಲ. ಆದ್ದರಿಂದ ‘ಜನ ನುಗ್ಗಿದರು’ ಎಂಬುದು ಸಾವಿನ ಕಾರಣವಲ್ಲ. ಎಷ್ಟು ಜನ ಬರುತ್ತಾರೆಂದು ಎಣಿಸದೆ ಕರೆದದ್ದು, ಗೇಟು ಮುಚ್ಚಿ ಹೊರಗಿನವರಿಗೆ ಏನೂ ಹೇಳದಿದ್ದುದು, ಇವು ಕಾರಣಗಳು. ಚಿನ್ನಸ್ವಾಮಿ ದುರಂತದ ಸುಮಾರು ನಾಲ್ಕು ತಿಂಗಳ ನಂತರ, ಸೆಪ್ಟೆಂಬರ್ 27ರಂದು, ತಮಿಳುನಾಡಿನ ಕರೂರಿನಲ್ಲಿ ನಟ ವಿಜಯ್ ಅವರ ರಾಜಕೀಯ ಸಭೆಯಲ್ಲಿ 41 ಜನ ಹೀಗೇ ಸತ್ತರು.

ಬೇರೆ ದೇಶಗಳು ಎರಡಕ್ಕೂ ಬೇರೆ ಬೇರೆ ಮದ್ದು ಕಂಡುಕೊಂಡಿವೆ. ಪುಂಡರಿಗೆ ಬ್ರಿಟನ್ನಿನಲ್ಲಿ ನ್ಯಾಯಾಲಯ ವರ್ಷಗಟ್ಟಲೆ ಕ್ರೀಡಾಂಗಣ ಪ್ರವೇಶ ನಿಷೇಧಿಸುತ್ತದೆ, ವಿದೇಶದ ಪಂದ್ಯದ ವೇಳೆ ಪಾಸ್‌ಪೋರ್ಟ್ ಒಪ್ಪಿಸಬೇಕಾಗುತ್ತದೆ. ಇಕ್ಕಟ್ಟು ತಪ್ಪಿಸಲು, ಹಿಲ್ಸ್‌ಬರೋ ದುರಂತದ ಕುರಿತ 1990ರ ಟೇಲರ್ ವರದಿಯ ನಂತರ ಬೇಲಿ ಕಿತ್ತು, ದೊಡ್ಡ ಕ್ರೀಡಾಂಗಣಗಳಲ್ಲಿ ಎಲ್ಲರಿಗೂ ಆಸನ ಹಾಕಲಾಯಿತು. 2004ರ ಯುರೋ ಕಪ್‌ನಲ್ಲಿ ಪೋರ್ಚುಗಲ್ ಪೊಲೀಸರು ಗುರಾಣಿ ಹಿಡಿದು ನಿಲ್ಲದೆ ಸಾಮಾನ್ಯ ಸಮವಸ್ತ್ರದಲ್ಲಿ ಅಭಿಮಾನಿಗಳ ನಡುವೆ ಓಡಾಡಿ ಮಾತನಾಡಿಸಿದರು. ಆ ಪಂದ್ಯಾವಳಿಯಲ್ಲಿ ಇಂಗ್ಲಿಷ್ ಬೆಂಬಲಿಗರ ಗಲಾಟೆ ಬಹಳ ಕಡಿಮೆಯಾಯಿತು. ಎಲ್ಲರನ್ನೂ ಪುಂಡರೆಂದು ನೋಡಿದರೆ ಸುಮ್ಮನಿದ್ದವನೂ ಪುಂಡರ ಕಡೆ ಸೇರುತ್ತಾನೆ ಎಂಬುದು ಸ್ಟೀಫನ್ ರೈಶರ್, ಕ್ಲಿಫರ್ಡ್ ಸ್ಟಾಟ್ ಎಂಬ ಮನಃಶಾಸ್ತ್ರಜ್ಞರ ವಾದ. ಅದು ಅಲ್ಲಿ ನಿಜವಾಯಿತು.

ಚಿನ್ನಸ್ವಾಮಿ ದುರಂತದ ನಂತರ ಕರ್ನಾಟಕ ಸರ್ಕಾರ ಜನಸಂದಣಿ ನಿಯಂತ್ರಣ ಮಸೂದೆಯನ್ನು 2025ರ ಆಗಸ್ಟ್‌ನಲ್ಲಿ ಮಂಡಿಸಿತು. ದೊಡ್ಡ ಸಮಾರಂಭಗಳ ಆಯೋಜಕರನ್ನು ಹೊಣೆ ಮಾಡುವುದು ಅದರ ಉದ್ದೇಶ. ತಾಲೂಕು ಕೇಂದ್ರದ ಚಿತ್ರಮಂದಿರದ ಮಟ್ಟಿಗೆ ಆ ಮಸೂದೆಗಾಗಿ ಕಾಯಬೇಕಿಲ್ಲ. 1964ರ ಕರ್ನಾಟಕ ಸಿನಿಮಾ ನಿಯಂತ್ರಣ ಕಾಯ್ದೆಯಡಿ ಚಿತ್ರಮಂದಿರದ ಪರವಾನಗಿ ಕೊಡುವವರು ಜಿಲ್ಲಾ ದಂಡಾಧಿಕಾರಿಗಳೇ. ಚಿಕ್ಕಬಳ್ಳಾಪುರ, ಗೌರಿಬಿದನೂರು, ಚಿಂತಾಮಣಿ, ಶಿಡ್ಲಘಟ್ಟಗಳಲ್ಲಿ ಮುಂದಿನ ದೊಡ್ಡ ಚಿತ್ರ ಬಿಡುಗಡೆಯಾಗುವ ಮುನ್ನ ಅವರು ಚಿತ್ರಮಂದಿರದ ಮಾಲೀಕರು, ಪೊಲೀಸರು ಮತ್ತು ಅಭಿಮಾನಿ ಸಂಘದವರನ್ನು ಒಟ್ಟಿಗೆ ಕೂರಿಸಿ, ಆಸನದಷ್ಟೇ ಟಿಕೆಟ್, ತೆರೆದ ಹೊರಬಾಗಿಲು, ವಿದ್ಯುತ್ ತಂತಿಯಿಂದ ದೂರ ನಿಲ್ಲುವ ಕಟೌಟ್ ಎಂಬ ಮೂರು ಮಾತು ಬರೆಸಿಕೊಳ್ಳಲಿ.