ನಾಲ್ಕು ಕೈಗಳ ಸಂಗೀತ: ಫೋರೆಯವರ 'ಡಾಲಿ' ಮಾಲಿಕೆ

ನಮ್ಮ ಕರಾವಳಿಯ ಧರ್ಮಕೇಂದ್ರಗಳಲ್ಲಾಗಲಿ, ಘಟ್ಟದ ಮೇಲೆ ದೇಸೂರ, ಖಾನಾಪುರದ ಕಡೆಯಲ್ಲಾಗಲಿ, ಕೀಬೋರ್ಡ್ ಒಂದೇ ಇದ್ದು ಕಲಿಯುವ ಮಕ್ಕಳು ಇಬ್ಬರಿದ್ದರೆ ಸರದಿಗಾಗಿ ಕಾಯಬೇಕಾಗುತ್ತದೆ. ಇಬ್ಬರೂ ಅಕ್ಕಪಕ್ಕ ಕುಳಿತು ಒಂದೇ ವಾದ್ಯವನ್ನು ನುಡಿಸುವಂತೆ ಬರೆದ ಸಂಗೀತ ಪಾಶ್ಚಾತ್ಯರಲ್ಲಿ ಬಹಳಷ್ಟಿದೆ. ಅದರಲ್ಲಿ ಫ್ರಾನ್ಸಿನ ಗಾಬ್ರಿಯೆಲ್ ಫೋರೆ (1845-1924) ರಚಿಸಿದ 'ಡಾಲಿ' ಎಂಬ ಆರು ಭಾಗಗಳ ಮಾಲಿಕೆಯನ್ನು ಇಲ್ಲಿ ಪರಿಚಯಿಸುತ್ತಿದ್ದೇವೆ.

ಫೋರೆ ಚರ್ಚಿನ ಸೇವೆಯಲ್ಲೇ ಬೆಳೆದವರು. ಚರ್ಚ್ ಸಂಗೀತಗಾರರನ್ನು ತಯಾರುಮಾಡುವ ಪ್ಯಾರಿಸಿನ ಶಾಲೆಯಲ್ಲಿ ಓದಿ, ಮಗ್ದಲದ ಮರಿಯಳ ಹೆಸರಿನ ಮಾದ್‌ಲೇನ್ ಚರ್ಚಿನಲ್ಲಿ 1877ರಿಂದ ಗಾಯನ ವೃಂದದ ನಿರ್ದೇಶಕರಾದರು, 1896ರಲ್ಲಿ ಪ್ರಧಾನ ಆರ್ಗನ್ ವಾದಕರಾದರು. ಮೃತರಿಗಾಗಿ ಬರೆದ ಅವರ 'ರೆಕ್ವಿಯಂ' ಮೊದಲು ಕೇಳಿಸಿದ್ದೂ 1888ರಲ್ಲಿ, ಅದೇ ಚರ್ಚಿನಲ್ಲಿ.

'ಡಾಲಿ' ಮಾತ್ರ ಮನೆಯ ಸಂಗೀತ. ಪರಿಚಯದ ಕುಟುಂಬವೊಂದರ ಪುಟ್ಟ ಹುಡುಗಿ ಎಲೆನ್ ಬಾರ್ಡಾಕಳ ಅಡ್ಡಹೆಸರೇ ಡಾಲಿ. ಅವಳ ಹುಟ್ಟುಹಬ್ಬ, ಹೊಸ ವರ್ಷದಂತಹ ಸಂದರ್ಭಗಳಿಗೆ ಉಡುಗೊರೆಯಾಗಿ ಒಂದೊಂದೇ ತುಣುಕು ಬಂತು. ಮೊದಲನೆಯದು ಜೋಗುಳ. ಎರಡನೆಯದರ ಹೆಸರು 'ಮಿ-ಆ-ಊ'. ಬೆಕ್ಕಿನ ಕೂಗೆಂದು ಎಲ್ಲರೂ ತಿಳಿಯುತ್ತಾರೆ, ನಿಜವಾಗಿ ಅದು ಅಣ್ಣ ರಾವುಲನ ಹೆಸರನ್ನು ಮಗು ತೊದಲಿದ ರೀತಿ! 'ಕಿಟ್ಟಿ ವಾಲ್ಟ್ಸ್' ಕೂಡ ಬೆಕ್ಕಿನದಲ್ಲ, ಮನೆಯ ನಾಯಿಯದು. ಕೊನೆಗೆ ಒಂದು ಸ್ಪ್ಯಾನಿಷ್ ನೃತ್ಯ.

1898ರಲ್ಲಿ ಎದುವಾರ್ ರಿಸ್ಲರ್ ಮತ್ತು ಆಲ್ಫ್ರೆಡ್ ಕಾರ್ತೋ ಇದನ್ನು ಸಾರ್ವಜನಿಕವಾಗಿ ನುಡಿಸಿದರು. ಮರುವರ್ಷ ಕಾರ್ತೋ ಒಬ್ಬರೇ ನುಡಿಸುವ ರೂಪ ಸಿದ್ಧಪಡಿಸಿದರು. ಎರಡು ಕೈಗಳ ಕೆಲಸ ಕಡಿಮೆಯಾಯಿತು ಎನ್ನುವಂತಿಲ್ಲ, ಉಳಿದ ಎರಡು ಕೈಗಳಿಗೆ ಭಾರ ಹೆಚ್ಚಾಯಿತು. 1906ರಲ್ಲಿ ಆನ್ರಿ ರಾಬೋ ವಾದ್ಯವೃಂದಕ್ಕೆ ಅಳವಡಿಸಿದರು. ಬಣ್ಣ ಹೆಚ್ಚಿದೆ ನಿಜ, ಆದರೆ ಒಂದೇ ಬೆಂಚಿನ ಆಪ್ತತೆ ಅದರಲ್ಲಿಲ್ಲ ಎಂಬುದು ನಮ್ಮ ಅನಿಸಿಕೆ. ಜೋಗುಳವಂತೂ ಬಿಬಿಸಿ ರೇಡಿಯೋದ ಪುಟಾಣಿಗಳ ಕಾರ್ಯಕ್ರಮ 'ಲಿಸನ್ ವಿತ್ ಮದರ್' (1950-1982) ಮೂಲಕ ಬ್ರಿಟನ್ನಿನ ಮನೆಮನೆಗೆ ತಲುಪಿತು.

ಇದನ್ನು ಬಲಿಪೂಜೆಯಲ್ಲಿ ನುಡಿಸಬಹುದೇ ಎಂದು ಕೇಳುವವರಿದ್ದಾರೆ. ಪೋಪ್ ಹತ್ತನೇ ಪಿಯುಸ್ 1903ರ ನವೆಂಬರ್ 22ರಂದು ಹೊರಡಿಸಿದ ಆದೇಶದಲ್ಲಿ ಚರ್ಚಿನೊಳಗೆ ಪಿಯಾನೋವನ್ನೇ ನಿಷೇಧಿಸಿದ್ದರು. ಆಗ ಫೋರೆ ಮಾದ್‌ಲೇನಿನಲ್ಲಿ ಆರ್ಗನ್ ನುಡಿಸುತ್ತಿದ್ದರು. 1963ರಲ್ಲಿ ಎರಡನೇ ವ್ಯಾಟಿಕನ್ ಮಹಾಸಭೆಯು ಆರ್ಗನ್‌ಗೆ ಅಗ್ರಸ್ಥಾನ ಕೊಟ್ಟು, ಪವಿತ್ರ ಬಳಕೆಗೆ ಒಗ್ಗುವ ಇತರ ವಾದ್ಯಗಳನ್ನು ಅಧಿಕಾರಿಗಳ ಒಪ್ಪಿಗೆಯಿಂದ ಬಳಸಬಹುದೆಂದಿತು. ಹಾಗಿದ್ದರೂ ವಾದ್ಯಕ್ಕೆ ಒಪ್ಪಿಗೆ ಬೇರೆ, ಕೃತಿಗೆ ಒಪ್ಪಿಗೆ ಬೇರೆ. ತಪಸ್ಸುಕಾಲದಲ್ಲಿ ಗಾಯನಕ್ಕೆ ಆಧಾರವಾಗಿ ಮಾತ್ರ ವಾದ್ಯ ನುಡಿಸಬೇಕೆಂಬ ನಿಯಮವಿದೆ. ಆ ಕಾಲದ ನಾಲ್ಕನೇ ಭಾನುವಾರ ಮತ್ತು ಮಹೋತ್ಸವ, ಹಬ್ಬಗಳಿಗೆ ವಿನಾಯಿತಿ. ವಾಲ್ಟ್ಸ್ ಮತ್ತು ಸ್ಪ್ಯಾನಿಷ್ ನೃತ್ಯಕ್ಕೆ ಬಲಿಪೂಜೆಯಲ್ಲಿ ಜಾಗವಿಲ್ಲ. ಧರ್ಮಕೇಂದ್ರದ ದಿನಾಚರಣೆಗೆ, ಸಭಾಂಗಣದ ಮಕ್ಕಳ ಕಾರ್ಯಕ್ರಮಕ್ಕೆ ಧಾರಾಳವಾಗಿ ನುಡಿಸಲಿ.

ಕಲಿಸುವವರಿಗೆ ಒಂದು ಮಾತು. ಜೋಗುಳದಿಂದ ಆರಂಭಿಸಿ, ಮೇಲಿನ ಸ್ವರಗಳ ಭಾಗವನ್ನು ಮಗುವಿಗೂ ಕೆಳಗಿನದನ್ನು ದೊಡ್ಡವರಿಗೂ ಕೊಡಬಹುದು. ಭಾರತದ ಕಾನೂನಿನಲ್ಲಿ ಕೃತಿಸ್ವಾಮ್ಯ ರಚನಕಾರರ ಮರಣಾನಂತರ 60 ವರ್ಷ ಇರುತ್ತದೆ. ಹಾಗಾಗಿ ಫೋರೆಯವರ ಮೂಲಕೃತಿಗೂ, 1949ರಲ್ಲಿ ತೀರಿಕೊಂಡ ರಾಬೋ, 1962ರಲ್ಲಿ ತೀರಿಕೊಂಡ ಕಾರ್ತೋ ಅವರ ರೂಪಗಳಿಗೂ ಇಲ್ಲಿ ಆ ಅಡ್ಡಿಯಿಲ್ಲ. ಇತ್ತೀಚಿನವರು ಮಾಡಿದ ರೂಪಾಂತರಗಳನ್ನು ಜೆರಾಕ್ಸ್ ಮಾಡಿಸುವ ಮುನ್ನ ಪ್ರಕಾಶಕರ ಅನುಮತಿ ಪಡೆಯಬೇಕು.