ಬುಧವಾರದ ರಾತ್ರಿಗೂ ಬಫಾತ್

ಹಂದಿ ಮಾಂಸದ ಬಫಾತ್ ಎಂದೊಡನೆ ಕರಾವಳಿಯ ಕ್ರೈಸ್ತ ಕುಟುಂಬಗಳ ಮನಸ್ಸಿಗೆ ಬರುವುದು ಹಬ್ಬದ ದಿನ. ಕ್ರಿಸ್ಮಸ್, ಪಾಸ್ಖ, ಧರ್ಮಕೇಂದ್ರದ ವಾರ್ಷಿಕ ಹಬ್ಬ, ಮದುವೆಯ ಮನೆ, ಇವೆಲ್ಲ ಆ ಖಾದ್ಯವಿಲ್ಲದೆ ಪೂರ್ಣವಾಗುವುದಿಲ್ಲ. ಸಸ್ಯಾಹಾರದ ಊಟಕ್ಕೆ ಮೀಸಲಾದ ಮೊಂತಿ ಹಬ್ಬವೊಂದೇ ಇದಕ್ಕೆ ಅಪವಾದ. ಹಿಂದಿನ ದಿನವೇ ಮಾಂಸ ತಂದು, ನಸುಕಿನಲ್ಲಿ ಒಲೆ ಹಚ್ಚಿ, ಮಣ್ಣಿನ ಪಾತ್ರೆಯಲ್ಲಿ ಸಣ್ಣ ಉರಿಯ ಮೇಲೆ ಗಂಟೆಗಟ್ಟಲೆ ಬೇಯಿಸಿ, ಸನ್ನಗಳೊಂದಿಗೆ ಬಡಿಸುವ ಈ ಅಡುಗೆಯನ್ನು ವಾರದ ನಡುವಿನ ಒಂದು ರಾತ್ರಿ, ಕೆಲಸದಿಂದ ದಣಿದು ಬಂದ ಮೇಲೆ ಮಾಡುವುದುಂಟೇ ಎಂದು ಹಲವರು ಕೇಳಬಹುದು. ನಾವೂ ಹಾಗೆಯೇ ಎಣಿಸಿದ್ದೆವು.

ನಮ್ಮ ಎಣಿಕೆಯನ್ನು ಬದಲಿಸಿದ್ದು ಮನೆಯಲ್ಲೇ ನಡೆದ ಒಂದು ಸಣ್ಣ ಪ್ರಸಂಗ. ಎಂಬತ್ತು ದಾಟಿದ ನಮ್ಮ ಅಮ್ಮ ಪ್ರತಿವರ್ಷವೂ ಎಪ್ರಿಲ್ ತಿಂಗಳ ಬಿಸಿಲಿನಲ್ಲಿ ಮೆಣಸು, ಕೊತ್ತಂಬರಿಗಳನ್ನು ಚಾಪೆಯ ಮೇಲೆ ಹರವಿ ಒಣಗಿಸಿ, ಗಿರಣಿಗೆ ಕಳುಹಿಸಿ, ವರ್ಷಕ್ಕಾಗುವಷ್ಟು ಬಫಾತ್ ಪುಡಿ ಮಾಡಿಸಿಡುತ್ತಾರೆ. ಈ ಸಲವೂ ಮಾಡಿಸಿದ್ದರು. ಮಳೆಗಾಲ ಮುಗಿಯುತ್ತ ಬಂದರೂ ಎರಡು ಭರಣಿಗಳ ಬಾಯಿಗೆ ಕಟ್ಟಿದ ಬಟ್ಟೆ ಕಟ್ಟಿದಂತೆಯೇ ಇತ್ತು. ಅಡುಗೆಮನೆಗೆ ಹೋಗುವಷ್ಟು ಹೊತ್ತು ನಮ್ಮಲ್ಲಿ ಯಾರಿಗೂ ಇರಲಿಲ್ಲ. ಮಗಳು ಪಾಠ ಮುಗಿಸಿ ಬಂದು ಒಬ್ಬಳೇ ಉಣ್ಣುವಳು, ಮಗ ಮೊಬೈಲು ಹಿಡಿದುಕೊಂಡು ತನ್ನ ಕೋಣೆಯಲ್ಲಿ ಉಣ್ಣುವನು, ನಾವು ದಂಪತಿಗಳು ಹೋಟೆಲಿನ ಪೊಟ್ಟಣ ಬಿಚ್ಚಿ ನಿಂತುಕೊಂಡೇ ಊಟ ಮುಗಿಸುವೆವು. ಒಂದು ರಾತ್ರಿ ಅಮ್ಮ ಆ ಭರಣಿಯನ್ನು ಮೇಜಿನ ಮೇಲೆ ತಂದಿಟ್ಟು, "ಹಬ್ಬ ಬರಲಿ ಎಂದು ಕಾದರೆ ಪುಡಿಯ ಪರಿಮಳ ಹೋದೀತು ಮಗಾ. ಅಷ್ಟು ಕಾಯುವುದಕ್ಕೆ ನನಗೂ ದಿನ ಉಂಟೋ ಇಲ್ಲವೋ" ಎಂದರು. ನಮ್ಮ ಬಳಿ ಉತ್ತರವಿರಲಿಲ್ಲ. ಆ ವಾರದಿಂದಲೇ ಬುಧವಾರ ರಾತ್ರಿ ಎಲ್ಲರೂ ಒಂದೇ ಮೇಜಿನ ಸುತ್ತ ಕುಳಿತು ಬಿಸಿ ಬಫಾತ್ ಉಣ್ಣಬೇಕೆಂದು ನಿಶ್ಚಯಿಸಿದೆವು.

ಮಾಡಿ ನೋಡಿದಾಗ ತಿಳಿದುದೇನೆಂದರೆ, ಕರಾವಳಿಯ ಅನೇಕ ಮಾಂಸದಡುಗೆಗಳಿಗಿಂತ ಇದು ಸುಲಭ. ಕೋಳಿ ಸುಕ್ಕ ಮಾಡಬೇಕಾದರೆ ತೆಂಗಿನಕಾಯಿ ತುರಿಯಬೇಕು, ಹುರಿಯಬೇಕು, ಅರೆಯಬೇಕು. ದುಕ್ರಾಮಾಸ್ ಎಂದು ಕೊಂಕಣಿಯಲ್ಲಿ ಕರೆಯುವ ನಮ್ಮ ಈ ಬಫಾತಿಗೆ ತೆಂಗಿನಕಾಯಿ ಬೇಡ, ಎಣ್ಣೆಯೂ ಬೇಡ. ಹಂದಿ ಮಾಂಸ ತನ್ನ ಕೊಬ್ಬನ್ನೂ ನೀರನ್ನೂ ತಾನೇ ಬಿಟ್ಟುಕೊಂಡು ಅದರಲ್ಲೇ ಬೇಯುತ್ತದೆ. ಮಸಾಲೆಯ ಹೆಚ್ಚಿನ ಕೆಲಸವೆಲ್ಲ ಎಪ್ರಿಲ್ ತಿಂಗಳಲ್ಲೇ ಮುಗಿದಿರುತ್ತದೆ. ಬಫಾತ್ ಪುಡಿಯೆಂದರೆ ಹಿರಿಯರು ತಮ್ಮ ಬಿಡುವಿನ ಹೊತ್ತನ್ನು ಕಿರಿಯರಿಗಾಗಿ ಭರಣಿಯಲ್ಲಿ ತುಂಬಿಟ್ಟಂತೆ. ಅದನ್ನು ಹಬ್ಬಕ್ಕೆಂದು ಮುಚ್ಚಿಟ್ಟು, ಬಿಡುವಿಲ್ಲದ ದಿನಗಳಲ್ಲಿ ಹೋಟೆಲಿನ ಪೊಟ್ಟಣಕ್ಕೆ ಕೈಚಾಚುತ್ತಿದ್ದ ನಾವು ಎಂತಹ ಅವಿವೇಕಿಗಳು!

ಈ ಪುಡಿಯ ಮುಖ್ಯ ವಸ್ತು ಬ್ಯಾಡಗಿ ಮೆಣಸು. ಹಾವೇರಿ ಜಿಲ್ಲೆಯ ಬ್ಯಾಡಗಿಯ ಹೆಸರಿನಿಂದ ಪ್ರಸಿದ್ಧವಾದ, 2011ರಲ್ಲಿ ಭೌಗೋಳಿಕ ಗುರುತಿನ ಮಾನ್ಯತೆ ಪಡೆದ ಈ ಸುಕ್ಕುಗಟ್ಟಿದ ಮೆಣಸಿನಲ್ಲಿ ಬಣ್ಣ ಹೆಚ್ಚು, ಖಾರ ಮಿತ. ಅದಕ್ಕೆ ಕೊತ್ತಂಬರಿ, ಜೀರಿಗೆ, ಕಾಳುಮೆಣಸು, ಅರಸಿನ, ಸ್ವಲ್ಪ ಸಾಸಿವೆ ಸೇರುತ್ತವೆ. ಕೆಲವರು ಲವಂಗ, ದಾಲ್ಚಿನ್ನಿಗಳನ್ನೂ ಪುಡಿಯಲ್ಲೇ ಸೇರಿಸುತ್ತಾರೆ. ಪ್ರಮಾಣ ಮನೆಮನೆಗೆ ಬೇರೆ. ಮೆಣಸು ಮೂಲತಃ ನಮ್ಮ ನಾಡಿನದಲ್ಲ. 1498ರಲ್ಲಿ ವಾಸ್ಕೋ ಡ ಗಾಮ ಕಲ್ಲಿಕೋಟೆಯ ತೀರಕ್ಕೆ ಬಂದ ನಂತರದ ಕಾಲದಲ್ಲಿ ಪೋರ್ಚುಗೀಸರು ಅಮೆರಿಕ ಖಂಡದ ಈ ಬೆಳೆಯನ್ನು ಇಲ್ಲಿಗೆ ತಂದರು. ಮಾಂಸವನ್ನು ಹುಳಿದ್ರವದಲ್ಲಿ ಕಾಪಾಡುವ ಅವರ ಪದ್ಧತಿಯೂ ಗೋವೆಯ ಅಡುಗೆಯಲ್ಲಿ ನೆಲೆನಿಂತಿತು. ಗೋವೆಯ ವಿಂದಾಲೂ ಎಂಬ ಹೆಸರು ದ್ರಾಕ್ಷಾರಸ ಮತ್ತು ಬೆಳ್ಳುಳ್ಳಿಯನ್ನು ಸೂಚಿಸುವ ಪೋರ್ಚುಗೀಸ್ ಮಾತಿನಿಂದ ಬಂದುದು. ಅದರಲ್ಲಿರುವ 'ಆಲೂ' ಬಟಾಟೆಯಲ್ಲ. ಗೋವೆಯಿಂದ ಕೆನರಾ ಜಿಲ್ಲೆಗೆ ವಲಸೆ ಬಂದ ನಮ್ಮ ಪೂರ್ವಜರ ಅಡುಗೆಮನೆಯಲ್ಲಿಯೂ ವಿನೆಗರ್ ಹಾಗೂ ಬೆಳ್ಳುಳ್ಳಿಯ ಆ ಜೋಡಿ ಉಳಿದುಕೊಂಡಿತು. ನೆರೆಯ ಕೊಡಗಿನ ಪಂದಿಕರಿಯಲ್ಲಿ ವಿನೆಗರಿನ ಕೆಲಸವನ್ನು ಕಪ್ಪಗೆ ದಪ್ಪಗಿರುವ ಕಾಚಂಪುಳಿ ಮಾಡುತ್ತದೆ.

ಇನ್ನು ನಮ್ಮ ಬುಧವಾರದ ಕ್ರಮವನ್ನು ಹೇಳುತ್ತೇವೆ. ಕೆಲಸ ಆರಂಭವಾಗುವುದು ಭಾನುವಾರ. ಬಲಿಪೂಜೆ ಮುಗಿಸಿ ಬರುವಾಗ, ತೊಗಲು, ಕೊಬ್ಬು, ಮಾಂಸ ಮೂರೂ ಹದವಾಗಿ ಬೆರೆತಿರುವ ಒಂದು ಕಿಲೋ ಹಂದಿ ಮಾಂಸವನ್ನು ಕೊಂಡು, ಹೆಬ್ಬೆರಳಿನ ಗಾತ್ರದ ತುಂಡುಗಳಾಗಿ ಅಂಗಡಿಯಲ್ಲೇ ಕೊಚ್ಚಿಸಿ ತರುತ್ತೇವೆ. ತುಂಡುಗಳು ಒಂದೇ ಅಳತೆಯಲ್ಲಿದ್ದರೆ ಒಟ್ಟಿಗೇ ಬೇಯುತ್ತವೆ. ಮನೆಗೆ ತಂದ ತಕ್ಷಣ ಡಬ್ಬದಲ್ಲಿ ಹಾಕಿ ಫ್ರೀಜರಿನಲ್ಲಿ ಇಡುತ್ತೇವೆ. ಮಂಗಳವಾರ ಬೆಳಿಗ್ಗೆ ಆ ಡಬ್ಬವನ್ನು ಫ್ರಿಜ್ಜಿನ ಕೆಳಗಿನ ಅಂಕಣಕ್ಕೆ ಇಳಿಸಬೇಕು. ಹೊರಗೆ ಮೇಜಿನ ಮೇಲಿಟ್ಟು ಕರಗಿಸುವುದು ನಮ್ಮ ಸೆಕೆಯ ಊರಿನಲ್ಲಿ ಅಪಾಯ. ಮಂಗಳವಾರ ರಾತ್ರಿ ಮಲಗುವ ಮೊದಲು ಮಾಂಸಕ್ಕೆ ಮೂರು ದೊಡ್ಡ ಚಮಚ ಬಫಾತ್ ಪುಡಿ, ಒಂದೂವರೆ ಚಿಕ್ಕ ಚಮಚ ಉಪ್ಪು, ಜಜ್ಜಿದ ಒಂದು ಗಡ್ಡೆ ಬೆಳ್ಳುಳ್ಳಿ ಸವರಿ ಮತ್ತೆ ಫ್ರಿಜ್ಜಿನಲ್ಲಿ ಇಡುತ್ತೇವೆ. ಇದಕ್ಕೆ ತಗಲುವ ಹೊತ್ತು ಹತ್ತು ನಿಮಿಷ.

ಬುಧವಾರ ಸಂಜೆ ಏಳು ಗಂಟೆಗೆ ಒಬ್ಬರು ನಾಲ್ಕು ದೊಡ್ಡ ನೀರುಳ್ಳಿಗಳನ್ನು ಹೆಚ್ಚುತ್ತಾರೆ, ಇನ್ನೊಬ್ಬರು ಎರಡಂಗುಲ ಶುಂಠಿಯನ್ನು ತೆಳುವಾಗಿ ಕೊಯ್ದು ನಾಲ್ಕೈದು ಹಸಿಮೆಣಸುಗಳನ್ನು ಸೀಳುತ್ತಾರೆ. ಅರ್ಧ ನೀರುಳ್ಳಿ, ಅರ್ಧ ಶುಂಠಿ, ಮಾಂಸ, ಒಂದು ತುಂಡು ದಾಲ್ಚಿನ್ನಿ, ನಾಲ್ಕು ಲವಂಗಗಳನ್ನು ಕುಕ್ಕರಿಗೆ ಹಾಕಿ, ಅರ್ಧ ಲೋಟ ನೀರು ಎರೆದು ಮುಚ್ಚುವುದು. ಕುಕ್ಕರಿನ ಮೂರನೆಯ ಎರಡು ಪಾಲಿಗಿಂತ ಹೆಚ್ಚು ತುಂಬಬಾರದು. ಮೊದಲ ಸೀಟಿ ಬಂದ ಮೇಲೆ ಉರಿ ಸಣ್ಣದು ಮಾಡಿ ಹದಿನೈದು ನಿಮಿಷ ಬೇಯಿಸಿ, ಒಲೆ ಆರಿಸಿ, ಒತ್ತಡ ತಾನಾಗಿ ಇಳಿಯುವವರೆಗೆ ಬಿಡಬೇಕು. ಹೀಗೆ ಕೈಗೆ ಕೆಲಸವಿಲ್ಲದ ಸುಮಾರು ಇಪ್ಪತ್ತೈದು ನಿಮಿಷ ದೊರೆಯುತ್ತದೆ. ಒಂದು ಜಪಸರಕ್ಕೆ ಅಷ್ಟು ಹೊತ್ತು ಸಾಕು. ಹೊತ್ತಿಲ್ಲವೆಂದು ನಮ್ಮ ಮನೆಯಲ್ಲಿ ನಿಂತುಹೋಗಿದ್ದ ಕುಟುಂಬ ಪ್ರಾರ್ಥನೆ ಈ ಕುಕ್ಕರಿನ ನೆವದಿಂದಲೇ ಮರಳಿ ಬಂತೆಂದರೆ ಓದುಗರು ನಗಬಾರದು.

ಮುಚ್ಚಳ ತೆಗೆದಾಗ ಮೇಲೆ ತೇಲುವ ಕೊಬ್ಬನ್ನು ಸೌಟಿನಿಂದ ತೆಗೆದುಬಿಡಬಹುದು. ರಕ್ತದೊತ್ತಡ, ಹೃದಯದ ತೊಂದರೆಯಿರುವ ಹಿರಿಯರಿರುವ ಮನೆಗಳಲ್ಲಿ ಇದನ್ನು ಮರೆಯಬಾರದು. ಅಂಥವರಿಗೆ ಬಡಿಸುವಾಗ ಕೊಬ್ಬಿಲ್ಲದ ತುಂಡುಗಳನ್ನೇ ಆರಿಸುವುದು ಲೇಸು. ಬಳಿಕ ಉಳಿದ ನೀರುಳ್ಳಿ, ಶುಂಠಿ, ಹಸಿಮೆಣಸು, ಎರಡು ದೊಡ್ಡ ಚಮಚ ವಿನೆಗರ್ ಸೇರಿಸಿ, ಮುಚ್ಚದೆ ಏಳೆಂಟು ನಿಮಿಷ ಕುದಿಸಬೇಕು. ನೀರುಳ್ಳಿ ಮೆತ್ತಗಾಗಿ ರಸ ದಪ್ಪಗಾದರೆ ಅಡುಗೆ ಸಿದ್ಧ. ವಿನೆಗರನ್ನು ಕೊನೆಗೆ ಹಾಕುವುದರಿಂದ ಅದರ ಪರಿಮಳ ಉಳಿಯುತ್ತದೆ. ಅಲ್ಯೂಮಿನಿಯಂ ಪಾತ್ರೆಗೆ ಹುಳಿ ಹಿಡಿಸದು. ನಿಮ್ಮ ಕುಕ್ಕರ್ ಅಲ್ಯೂಮಿನಿಯಮ್ಮಿನದಾದರೆ ಈ ಕೊನೆಯ ಕುದಿತವನ್ನು ಮಣ್ಣಿನ ಅಥವಾ ಉಕ್ಕಿನ ಪಾತ್ರೆಯಲ್ಲಿ ಮಾಡಿರಿ.

ಅವಸರದ ಅಡುಗೆಯಲ್ಲಿ ಎಲ್ಲವನ್ನೂ ಅವಸರಿಸಬಾರದು. ಹಂದಿ ಮಾಂಸ ಪೂರ್ತಿ ಬೇಯಲೇಬೇಕು. ಎಲ್ಲಕ್ಕಿಂತ ದೊಡ್ಡ ತುಂಡನ್ನು ಕತ್ತರಿಸಿ ನೋಡಿ. ಒಳಗೆ ನಸುಗೆಂಪು ಕಂಡರೆ ಮತ್ತೆ ಬೇಯಿಸಿ. ಅರೆಬೆಂದ ಮಾಂಸದಿಂದ ಲಾಡಿಹುಳು ಕರುಳನ್ನು ಸೇರುತ್ತದೆ. ಆ ಹುಳು ಹೊಕ್ಕವರ ಮಲದ ಮೂಲಕ ಹೊರಬಿದ್ದ ಮೊಟ್ಟೆಗಳು ತೊಳೆಯದ ಕೈ, ತೊಳೆಯದ ತರಕಾರಿಗಳ ಮೂಲಕ ಹೊಟ್ಟೆ ಸೇರಿದರೆ, ಮರಿಗಳು ಮಿದುಳಿನಲ್ಲಿ ನೆಲೆಸಿ ಮೂರ್ಛೆರೋಗವನ್ನೂ ತರಬಲ್ಲವು. ಆದುದರಿಂದ ನಂಬಿಗಸ್ತ ಅಂಗಡಿ, ಚೆನ್ನಾದ ಬೇಯುವಿಕೆ, ಸಾಬೂನಿನಿಂದ ತೊಳೆದ ಕೈ, ಈ ಮೂರರಲ್ಲಿ ಯಾವುದನ್ನೂ ಬಿಡುವಂತಿಲ್ಲ. ಹಸಿ ಮಾಂಸ ಕೊಯ್ದ ಮಣೆ, ಚೂರಿಗಳನ್ನು ತೊಳೆಯದೆ ಸೌತೆಕಾಯಿ ಹೆಚ್ಚುವುದೂ ಸಲ್ಲದು.

ಜೊತೆಗೆ ಸನ್ನ ಬೇಕೆಂದು ಮಕ್ಕಳು ಹಟ ಮಾಡುವುದು ಸಹಜ. ಆದರೆ ಕಳ್ಳು ಅಥವಾ ಯೀಸ್ಟ್ ಹಾಕಿದ ಹಿಟ್ಟು ಉಬ್ಬುವುದಕ್ಕೆ ತನ್ನ ಹೊತ್ತು ತೆಗೆದುಕೊಂಡೇ ತೀರುತ್ತದೆ. ಅದು ಹಬ್ಬಕ್ಕೇ ಇರಲಿ. ವಾರದ ರಾತ್ರಿಗೆ ಕುಚ್ಚಲಕ್ಕಿ ಅನ್ನವಾದೀತು. ಬೆಳಿಗ್ಗೆ ಅಕ್ಕಿ ನೆನೆಹಾಕಿದ್ದರೆ ಹುಳಿ ಬರಿಸುವ ಗೋಜಿಲ್ಲದೆ ನೀರುದೋಸೆಯೂ ಆದೀತು. ಉಳಿದ ಬಫಾತನ್ನು ಆರಿಸಿ, ಎರಡು ಗಂಟೆಯೊಳಗೆ ಫ್ರಿಜ್ಜಿನಲ್ಲಿ ಇಟ್ಟರೆ ಮೂರು ದಿನ ಉಣ್ಣಬಹುದು. ಮರುದಿನ ಹುಳಿಯೂ ಖಾರವೂ ಮಾಂಸಕ್ಕೆ ಇಳಿದು ರುಚಿ ಇನ್ನೂ ಹೆಚ್ಚುತ್ತದೆಂಬುದನ್ನು ನಮ್ಮ ಓದುಗರಿಗೆ ಹೇಳಬೇಕಾಗಿಲ್ಲ. ತಪಸ್ಸುಕಾಲದಲ್ಲಿ ಮಾತ್ರ ಶುಕ್ರವಾರಕ್ಕೆ ಉಳಿಯದಂತೆ ಅಳೆದು ಮಾಡುವುದು ಒಳ್ಳೆಯದು.

ಗಂಡಸರಿಗೂ ಒಂದು ಮಾತು ಹೇಳಲೇಬೇಕು. ಹೊರಗೆ ದುಡಿದು ಬಂದ ಹೆಂಗಸೊಬ್ಬಳೇ ನೀರುಳ್ಳಿ ಹೆಚ್ಚಿ, ಬೇಯಿಸಿ, ಬಡಿಸಿ, ಪಾತ್ರೆ ತೊಳೆಯುವುದಾದರೆ ಆ ಊಟವನ್ನು ಸುಲಭವೆಂದು ಹೊಗಳುವ ಹಕ್ಕು ಉಳಿದವರಿಗಿಲ್ಲ. ಮೊದಲನೆಯ ಬುಧವಾರ ನಮ್ಮ ಮನೆಯಲ್ಲಿಯೂ ಹೀಗೆಯೇ ಆಯಿತು. ಮೇಜಿನ ಮುಂದೆ ಕುಳಿತಾಗ ಅಡುಗೆ ಮಾಡಿದವರಿಗೆ ಉಣ್ಣುವ ಶಕ್ತಿಯೇ ಇರಲಿಲ್ಲ. ಎರಡನೆಯ ವಾರದಿಂದ ಕೆಲಸ ಹಂಚಿಕೊಂಡೆವು. ಮಾಂಸಕ್ಕೆ ಮಸಾಲೆ ಸವರುವುದು ಮನೆಯ ಯಜಮಾನರಿಗೆ, ನೀರುಳ್ಳಿ ಮಗನಿಗೆ, ಅನ್ನ ಮತ್ತು ಮೇಜು ಮಗಳಿಗೆ, ಪಾತ್ರೆ ಸರದಿಯಂತೆ ಎಲ್ಲರಿಗೂ. ಈ ಹಂಚಿಕೆಯಿಲ್ಲದಿದ್ದರೆ ಮೂರನೆಯ ಬುಧವಾರ ಬರುತ್ತಲೇ ಇರಲಿಲ್ಲ.

ಈಗ ಏಳೆಂಟು ವಾರಗಳಾದವು. ಎಂಟು ಗಂಟೆಗೆ ಎಲ್ಲರೂ ಮೇಜಿನ ಬಳಿ ಇರುತ್ತೇವೆ. ಮೊಬೈಲುಗಳು ಬೇರೆ ಕೋಣೆಯಲ್ಲಿರುತ್ತವೆ. ಮಗಳ ಪರೀಕ್ಷೆಯ ಅಂಕಗಳು ಕುಸಿದಿದ್ದ ಸಂಗತಿ ನಮಗೆ ತಿಳಿದುದು ಇಂತಹ ಒಂದು ರಾತ್ರಿ, ಅನ್ನ ಕಲಸುತ್ತಿರುವಾಗ. ಆಕೆ ತಾನಾಗಿಯೇ ಹೇಳಿದಳು. ಬೇರೆ ಬೇರೆ ಹೊತ್ತಿಗೆ ಉಣ್ಣುತ್ತಿದ್ದ ದಿನಗಳಲ್ಲಿ ಅದನ್ನು ಯಾರ ಮುಂದೆ ಹೇಳುತ್ತಿದ್ದಳೋ ನಾವರಿಯೆವು. ಅಮ್ಮ ಮೊದಲ ತುತ್ತು ಬಾಯಿಗಿಟ್ಟು, "ಉಪ್ಪು ಸ್ವಲ್ಪ ಕಡಿಮೆಯಾಯಿತು" ಎಂದು ಪ್ರತಿವಾರವೂ ಹೇಳುತ್ತಾರೆ, ಮತ್ತೆ ಬಡಿಸಿಕೊಳ್ಳುತ್ತಾರೆ. ಒಂದು ಭರಣಿ ಬರಿದಾಗಿದೆ, ಎರಡನೆಯದನ್ನು ಬಿಚ್ಚಿದ್ದೇವೆ. ಬರುವ ಎಪ್ರಿಲಿನಲ್ಲಿ ಮೆಣಸು ಒಣಗಿಸುವಾಗ ಮೊಮ್ಮಕ್ಕಳಿಬ್ಬರೂ ಜೊತೆಗಿದ್ದು ಅಳತೆ ಬರೆದುಕೊಳ್ಳಬೇಕೆಂದು ಅಮ್ಮನ ಅಪ್ಪಣೆಯಾಗಿದೆ.

ನಿಮ್ಮ ಮನೆಯ ಕಪಾಟಿನಲ್ಲಿಯೂ ಅಂತಹ ಒಂದು ಭರಣಿ ಇದ್ದೀತು. ಹಬ್ಬ ಬರುವಾಗ ಬರಲಿ. ಬಟ್ಟೆ ಬಿಚ್ಚಲು ಈ ವಾರದ ಬುಧವಾರ ಸಾಕು.